ಗರಡಿಮನೆಗೆ ಬಂದ ಸಮುದ್ರದ ಹುಡುಗ

ಟಿ.ವಿ.ಯಲ್ಲಿ ಕುಸ್ತಿ ಬಂದರೆ ನಾನು ಎದ್ದು ಹೋಗಿ ಕಾಲು ತೊಳೆದುಕೊಂಡು ಬರುತ್ತೇನೆ. ನಗಬೇಡಿ. ವಾರ್ತೆಗೆ ತೊಳೆಯುವುದಿಲ್ಲ, ಅತ್ತೆ ಸೊಸೆಯರ ಧಾರಾವಾಹಿಗೆ ತೊಳೆಯುವುದಿಲ್ಲ, ತಿರುಪತಿಯ ಸೇವೆ ತೋರಿಸುವಾಗಲೂ ಸೋಫಾದ ಮೇಲೆ ಕಾಲು ಮಡಚಿಕೊಂಡೇ ಕೈಮುಗಿಯುತ್ತೇನೆ. ಆದರೆ ಚಾನೆಲ್ ತಿರುಗಿಸುವಾಗ ಹಗ್ಗ ಕಟ್ಟಿದ ಚೌಕದೊಳಗೆ ಇಬ್ಬರು ದಪ್ಪ ತೊಡೆಯ ಗಂಡಸರು ಎದುರುಬದುರು ನಿಂತದ್ದು ಕಂಡಿತೋ, ರಿಮೋಟನ್ನು ಅಲ್ಲೇ ಇಟ್ಟು ಬಚ್ಚಲಿಗೆ ನಡೆದುಬಿಡುತ್ತೇನೆ. ಒದ್ದೆ ಕಾಲಲ್ಲಿ ಬಂದು ನೆಲದ ಮೇಲೆ ಕೂರುತ್ತೇನೆ. ಮೊಮ್ಮಗಳು, "ಅಜ್ಜಿ, ಅವರಿಗೆ ನಿನ್ನ ಕಾಲು ಕಾಣಿಸಲ್ಲ" ಎನ್ನುತ್ತಾಳೆ. ಕಾಣಿಸುವುದಿಲ್ಲ ಅಂತ ನನಗೂ ಗೊತ್ತು. ಆದರೆ ಉಸ್ತಾದರಿಗೆ ಕಾಣಿಸಿಬಿಟ್ಟರೆ ಎಂದು ಈ ವಯಸ್ಸಿನಲ್ಲೂ ಭಯ.

ಉಸ್ತಾದರು ಅಂದರೆ ತೆಲುಗು ನಾಡಿನ ಗಡಿಯೂರು ಆದೋನಿಯಲ್ಲಿ ನಮ್ಮ ಮನೆ ಮಾಲೀಕರು, ಪೈಲ್ವಾನ್ ವೀರಭದ್ರಪ್ಪ. ಅಪ್ಪನಿಗೆ ಹತ್ತಿ ಪ್ರೆಸ್ಸೊಂದರ ಆಫೀಸಿನಲ್ಲಿ ಕೆಲಸ. ಉಸ್ತಾದರ ಮನೆಯ ಮುಂಭಾಗದ ಎರಡು ಕೋಣೆಗಳಲ್ಲಿ ನಾವು ಬಾಡಿಗೆಗಿದ್ದೆವು. ಹಿಂದೆ ಅವರ ಸಂಸಾರ, ಅದರ ಹಿಂದೆ ಗರಡಿ. ಎಂಬತ್ತರ ದಶಕದ ನಡುವಿನ ಮಾತು, ನಾನಾಗ ಬಿ.ಎ. ಓದುತ್ತಿದ್ದೆ. ನಮ್ಮ ಮನೆಯಲ್ಲಿ ಬೆಳಗಾಗುತ್ತಿದ್ದದ್ದು ಎರಡು ಸದ್ದಿನಿಂದ. ಮುಂದಿನ ಕೋಣೆಯಲ್ಲಿ ಅಪ್ಪನ ವಾಯುಸ್ತುತಿ, ಹಿಂದಿನಿಂದ ತೊಡೆ ತಟ್ಟುವ ಸದ್ದು. ಎರಡೂ ಹನುಮಂತನಿಗೇ ಸಲ್ಲುತ್ತವೆ ಎಂದು ಅಮ್ಮ ಸಮಾಧಾನ ಮಾಡಿಕೊಂಡಿದ್ದಳು. ಚಳಿಗಾಲದ ಮಧ್ಯಾಹ್ನಗಳಲ್ಲಿ ಮಾರ್ಕೆಟ್ಟಿನ ಕಡೆಯಿಂದ ಹತ್ತಿಯ ಎಳೆಗಳು ತೇಲಿ ಬಂದು ಅಂಗಳದ ಬಿಸಿಲಿನಲ್ಲಿ ನಿಂತುಬಿಡುತ್ತಿದ್ದವು. ಕೆಳಗೂ ಇಳಿಯುತ್ತಿರಲಿಲ್ಲ, ಮೇಲೂ ಹೋಗುತ್ತಿರಲಿಲ್ಲ. ಪುಸ್ತಕ ತೊಡೆಯ ಮೇಲಿಟ್ಟುಕೊಂಡು ಅವನ್ನೇ ನೋಡುತ್ತಾ ನಾನೆಷ್ಟು ಪಾಠ ಕಳೆದುಕೊಂಡೆನೋ.

ಆ ಮನೆಯಲ್ಲಿ ಉಸ್ತಾದರ ಅಪ್ಪ ಪೈಲ್ವಾನ್, ಅಜ್ಜ ಪೈಲ್ವಾನ್, ಚಿಕ್ಕಪ್ಪಂದಿರು, ಅಣ್ಣತಮ್ಮಂದಿರು ಎಲ್ಲರೂ ಪೈಲ್ವಾನರು. ಗೋಡೆಯ ಮೇಲೆ ಸಾಲಾಗಿ ಅವರ ಫೋಟೋಗಳು. ಎಲ್ಲರಿಗೂ ಒಂದೇ ಮೀಸೆ, ಒಂದೇ ಗದೆ. ಗದೆ ನಿಜವಾಗಿಯೂ ಒಂದೇ ಇತ್ತಂತೆ, ಫೋಟೋ ತೆಗೆಸುವವರೆಲ್ಲ ಅದನ್ನೇ ಹಿಡಿದುಕೊಳ್ಳುತ್ತಿದ್ದರು. ಸಾಲಿನ ಕೊನೆಗೆ ಉಸ್ತಾದರ ಒಬ್ಬನೇ ಮಗ ಪಂಪಾಪತಿ. ಅವನ ಫೋಟೋವನ್ನು ಮಾತ್ರ ಗೋಡೆಯ ಕಡೆಗೆ ಮುಖ ಮಾಡಿ ತಿರುಗಿಸಿ ನೇತುಹಾಕಿದ್ದರು. ತಿರುಗಿಸಿದವರು ಉಸ್ತಾದರೇ. ಏಕೆಂದರೆ ಅವರು ಮಗನ ಜೊತೆ ಮಾತು ಬಿಟ್ಟಿದ್ದರು.

ಆ ಕಥೆ ಊರಿಗೆಲ್ಲ ಗೊತ್ತಿತ್ತು. ಕೆಲವು ವರ್ಷಗಳ ಹಿಂದೆ ಪೆದ್ದಕಡುಬೂರಿನಲ್ಲಿ ಪಂಪಾಪತಿಗೂ ಪೆದ್ದಹರಿವಾಣದ ಮಹಬೂಬನಿಗೂ ಕುಸ್ತಿಗೆ ಜೋಡಿ ಕಟ್ಟಿದ್ದರು. ಇಬ್ಬರೂ ಜೀವದ ಗೆಳೆಯರು. ಮಹಬೂಬ ಹತ್ತಿ ಬೇಲು ಹೊತ್ತು ಬದುಕುವವನು. ಪಂಪಾಪತಿ ಅವನ ರಟ್ಟೆಯನ್ನು ಬೆನ್ನ ಹಿಂದಕ್ಕೆ ತಿರುಚಿ ಪಟ್ಟು ಹಾಕಿದ. ಇನ್ನೊಂದು ಎಳೆತಕ್ಕೆ ಕುಸ್ತಿ ಮುಗಿಯಬೇಕು, ಅಷ್ಟರಲ್ಲಿ ಪಟ್ಟು ಸಡಿಲಾಯಿತು. ಮಹಬೂಬ ಗಕ್ಕನೆ ತಿರುಗಿ ಇವನನ್ನೇ ಚಿತ್ ಮಾಡಿಬಿಟ್ಟ. ಉಸ್ತಾದರು ಪೇಟ ಕೊಡವಿ ಎದ್ದು, ಅಷ್ಟು ಜನರೆದುರಿಗೆ, "ಮಾತಾಡಿಕೊಂಡು ಬಿದ್ದವ ನನ್ನ ಮಗ ಅಲ್ಲ" ಎಂದು ಹೇಳಿ ನಡೆದರಂತೆ. ಮೊದಲೇ ಒಳಗೊಳಗೆ ಒಪ್ಪಂದ ಮಾಡಿಕೊಂಡು ಸೋಲುವುದು ಆ ಮನೆತನದಲ್ಲಿ ಕಳ್ಳತನಕ್ಕಿಂತ ಕೀಳು. ಪಂಪಾಪತಿ, "ಕೈ ಜಾರಿತು" ಎಂದನೇ ಹೊರತು ಬೇರೇನೂ ಹೇಳಲಿಲ್ಲ. ಗೆಳೆಯನ ರಟ್ಟೆ ಲಟಕ್ ಎಂದದ್ದು ಕೇಳಿ ತಾನೇ ಬಿಟ್ಟೆ ಅನ್ನುವುದನ್ನು ಹೆಂಡತಿಯೊಬ್ಬಳಿಗೆ ಹೇಳಿದ್ದ. ಹೆಂಡತಿ ನನಗೆ ಹೇಳಿದ್ದಳು.

ಮಹಬೂಬ ಆಗಲೇ ಓಡಿಬಂದು ನಿಜ ಹೇಳಲು ನೋಡಿದನಂತೆ. ಉಸ್ತಾದರು ಕೈ ಅಡ್ಡ ಹಿಡಿದು, "ನೀ ಗೆದ್ದೀಯಪ್ಪ, ನಿಂದೇನು ತಪ್ಪೈತಿ? ಗೆದ್ದವನ ಸಾಕ್ಷಿ ನಡೆಯಂಗಿಲ್ಲ. ಬಾ, ಊಟ ಮಾಡು" ಎಂದು ಅವನಿಗೆ ಹೋಳಿಗೆ ಹಾಕಿಸಿದ್ದರು. ಎಂಥ ನ್ಯಾಯ ನೋಡಿ. ಬೀಳಿಸಿದವನಿಗೆ ಹೋಳಿಗೆ, ಬಿದ್ದವನಿಗೆ ಮೌನ.

ಮೌನ ಅಂದರೆ ಬರೀ ಮೌನವಲ್ಲ, ಅದಕ್ಕೊಂದು ಟಪಾಲು ವ್ಯವಸ್ಥೆ ಇತ್ತು. ತಂದೆ ಮಗ ಒಂದೇ ಪಂಕ್ತಿಯಲ್ಲಿ ಊಟಕ್ಕೆ ಕೂರುತ್ತಿದ್ದರು. ಉಸ್ತಾದರು ಅಡುಗೆಮನೆಯ ಕಡೆ ಮುಖ ಮಾಡಿ ಸೊಸೆಯನ್ನು ಕೂಗುವರು. "ಶರಣಮ್ಮಾ, ಅವಗ ಹೇಳವ್ವ, ಗುರೆಳ್ಳು ಪುಡಿ ಅವನ ಬಾಜೂಕ ಐತಿ, ಈ ಕಡೆ ಸರಸು ಅಂತ." ಶರಣಮ್ಮ ರೊಟ್ಟಿ ಬಡಿಯುತ್ತಲೇ, "ಸರಸ್ಬೇಕಂತ್ರೀ" ಎನ್ನುವಳು. ಪಂಪಾಪತಿ ಸರಿಸುವನು. "ಸರಸೀನಂತ ಹೇಳು" ಎನ್ನುವನು. "ಸರಸ್ಯಾರಂತ್ರಿ ಮಾವಾರೆ." ಪುಡಿಯ ಬಟ್ಟಲು ಮಾವಾರ ಮೊಣಕಾಲಿಗೆ ತಾಗುತ್ತಿರುತ್ತಿತ್ತು, ಆದರೂ ಆಕೆ ಹೇಳಿದ ಮೇಲೆಯೇ ಅವರು ಅದನ್ನು ನೋಡುತ್ತಿದ್ದುದು. ಶರಣಮ್ಮ ಕೌತಾಳಕ್ಕೆ ತವರಿಗೆ ಹೋದರೆ ಆ ಕೆಲಸ ನನ್ನ ತಲೆಗೆ ಬರುತ್ತಿತ್ತು. ಪರೀಕ್ಷೆಗೆ ಓದುತ್ತಿರುವಾಗ ಹಿಂದಿನಿಂದ ಕೂಗು: "ರುಕ್ಮಿಣೀ, ಇವಗ ಹೇಳವ್ವ, ಎಮ್ಮಿ ಹಗ್ಗ ಬಿಚ್ಚಿಕೊಂಡೈತಿ ಅಂತ!" ನಾನು ಓಡಿಹೋಗಿ ಹೇಳುವ ಹೊತ್ತಿಗೆ ಎಮ್ಮೆ ನಮ್ಮ ತುಳಸಿಕಟ್ಟೆಯ ಬಳಿ ಇರುತ್ತಿತ್ತು.

ನಾವು ನಗುತ್ತಿದ್ದೆವು. ಪಂಪಾಪತಿಗೆ ಅದು ನಗೆಯಾಗಿರಲಿಲ್ಲ. ಒಂದು ಸಲ ಅವನು ಗರಡಿಯ ಬಾಗಿಲಲ್ಲಿ ಕೂತು ಹೆಂಡತಿಗೆ ಹೇಳುತ್ತಿದ್ದದ್ದು ನನ್ನ ಕಿವಿಗೆ ಬಿತ್ತು. "ಬಯ್ಯಬೇಕ ಬಯ್ಲಿ, ಹೊಡೀಬೇಕ ಹೊಡೀಲಿ. ಒಂದ್ಸಲ ನನ್ನ ಹೆಸರು ಹಿಡಿದು ಕರೀಲಿ ಶರಣಿ. ಮುದುಕಗ ವಯಸ್ಸಾತು. ಕರೀದಂಗ ಹೋಗಿಬಿಟ್ರ ಏನು ಮಾಡ್ಲಿ ನಾ?" ಅಷ್ಟು ದೊಡ್ಡ ದೇಹದಿಂದ ಅಷ್ಟು ಸಣ್ಣ ದನಿ ಬಂದದ್ದು ಕೇಳಿ ನನಗೆ ಸಂಕಟವಾಯಿತು.

ಹೀಗಿರುವಾಗ ಕುವೈತಿನಲ್ಲಿ ಲಾರಿ ಓಡಿಸುತ್ತಿದ್ದ ಮಹಬೂಬ ರಜೆಗೆ ಬಂದ. ಜೊತೆಗೊಂದು ಕಲರ್ ಟಿ.ವಿ., ಒಂದು ವಿ.ಸಿ.ಆರ್. ತಂದಿದ್ದ. "ನಮ್ಮೂರಾಗ ಕರೆಂಟು ನಿಲ್ಲವಲ್ದು ಉಸ್ತಾದ್, ನಾ ಇರೋತನ ಇಲ್ಲೇ ಇರ್ಲಿ" ಎಂದು ಅವುಗಳನ್ನು ಗರಡಿಯ ಮುಂದಿನ ಪಡಸಾಲೆಯಲ್ಲಿ ಇಟ್ಟ. ಅವನ ಹತ್ತಿರ ಇದ್ದದ್ದು ಒಂದೇ ಕ್ಯಾಸೆಟ್ಟು, ಅಮೆರಿಕದ ಕುಸ್ತಿಯದು. ಉಸ್ತಾದರು ಒಂದೇ ನಿಯಮ ಹಾಕಿದರು: "ಕುಸ್ತಿ ಎಲ್ಲೇ ನಡೀಲಿ, ಅದು ಗರಡಿನ. ಕಾಲು ತೊಳಕೊಂಡು ಬಂದು ನೆಲದ ಮ್ಯಾಲೆ ಕುಂದ್ರಬೇಕು." ಓಣಿಯವರೆಲ್ಲ ಬಾವಿಯ ಹತ್ತಿರ ಸಾಲುಗಟ್ಟಿ ಕಾಲು ತೊಳೆದುಕೊಂಡರು. "ಚಡ್ಡಿ ಹಾಕ್ಕೊಂಡ ಗಂಡಸರನ್ನ ನೋಡ್ಲಿಕ್ಕೆ ಮಡಿ ಬೇರೆ ಕೇಡು" ಎಂದು ಗೊಣಗುತ್ತಾ ನನ್ನಮ್ಮನೂ ತೊಳೆದುಕೊಂಡಳು. ಹೆಂಗಸರು ಗರಡಿಯ ಮಣ್ಣಿಗೆ ಇಳಿಯುವಂತಿರಲಿಲ್ಲ, ಪಡಸಾಲೆಗೆ ಅಡ್ಡಿಯಿರಲಿಲ್ಲ.

ನನ್ನನ್ನು ಮಾತ್ರ ಉಸ್ತಾದರು ತಮ್ಮ ಪಕ್ಕದಲ್ಲೇ ಕೂರಿಸಿಕೊಂಡರು. "ಬಿ.ಎ. ಅಮ್ಮ, ಅವ್ರು ಇಂಗ್ಲೀಷಿನಾಗ ಏನಂತಾರ ಹೇಳ್ಬೇಕು ನೋಡವ್ವ." ನನ್ನ ಇಂಗ್ಲಿಷ್ ಗೈಡು ಪುಸ್ತಕದ ಇಂಗ್ಲಿಷ್. ಅಮೆರಿಕದವರು ಒಂದು ವಾಕ್ಯ ಮುಗಿಸುವಷ್ಟರಲ್ಲಿ ನಾನು ಮೊದಲ ಪದವನ್ನೂ ದಾಟಿರುತ್ತಿರಲಿಲ್ಲ. ಆದರೂ ಮರ್ಯಾದೆಯ ಪ್ರಶ್ನೆ. "ಬಲಭೀಮ ಬಂದ, ಭಾರಿ ಹುಮ್ಮಸ್ಸಿನಲ್ಲಿದ್ದಾನೆ" ಎಂದೆಲ್ಲ ತೋಚಿದ್ದು ಹೇಳುತ್ತಿದ್ದೆ.

ಆಮೇಲೆ ಅವನು ಬಂದ.

ತಾಮ್ರದ ಮೈಬಣ್ಣ, ಭುಜದ ತನಕ ಗುಂಗುರು ಕೂದಲು, ಕೊರಳಲ್ಲಿ ಹೂವಿನ ಹಾರ, ಸೊಂಟದಿಂದ ಮೊಣಕಾಲಿನವರೆಗೆ ದಟ್ಟ ಹಚ್ಚೆ. ಉಳಿದ ಜಟ್ಟಿಗಳೆಲ್ಲ ಬೂಟು ಹಾಕಿದ್ದರೆ ಇವನೊಬ್ಬನೇ ಬರಿಗಾಲು. ಉಸ್ತಾದರು ಗೋಡೆಗೆ ಒರಗಿದ್ದವರು ನೆಟ್ಟಗೆ ಕೂತರು. "ನೋಡ್ರಲೇ, ಬರಿಗಾಲಾಗ ಬಂದಾನ! ಇವ ನೆಲ ಬಲ್ಲವ. ಯಾರ ಮನಿ ಹುಡುಗವ್ವ ಇವ?" ಪುಣ್ಯಕ್ಕೆ ಅಷ್ಟು ಹೊತ್ತಿಗೆ ನನಗೆ ಕೆಲವು ಪದ ಸಿಕ್ಕವು. ಸಮೋವಾ ಎಂಬ ದ್ವೀಪದವನು. ಅಪ್ಪ ಕುಸ್ತಿಯವನು, ಚಿಕ್ಕಪ್ಪಂದಿರು ಕುಸ್ತಿಯವರು, ಅಣ್ಣತಮ್ಮಂದಿರು, ದಾಯಾದಿಗಳು ಎಲ್ಲರೂ ಅದೇ. ಹಗ್ಗದಾಚೆ ಅವನಂಥದೇ ಕೂದಲಿನ ದಪ್ಪ ಅಣ್ಣನೊಬ್ಬ ನಿಂತಿದ್ದ. ಇಷ್ಟನ್ನು ಹೇಳಿದ್ದೇ ತಡ, ಉಸ್ತಾದರು ಒಮ್ಮೆ ಗೋಡೆಯ ಮೇಲಿನ ಫೋಟೋಗಳ ಸಾಲನ್ನು ನೋಡಿದರು, ಒಮ್ಮೆ ಟಿ.ವಿ.ಯನ್ನು ನೋಡಿದರು. "ನಮ್ಮಂಥ ಮನಿ ಅನ್ನು. ನಮ್ಮ ಹುಡುಗ ಅನ್ನು ಮತ್ತ!"

ಅಲ್ಲಿಂದ ಅವನು ಆ ಮನೆಯ ಸಮುದ್ರದ ಹುಡುಗನಾದ. ಅವನು ಎದುರಾಳಿಯನ್ನು ಎತ್ತಿ ಒಗೆದಾಗ ಉಸ್ತಾದರು ತೊಡೆ ತಟ್ಟಿದರು. ಆದರೆ ಕೊನೆಗೆ, ತೀರ್ಪುಗಾರ ಬೆನ್ನು ತಿರುಗಿಸಿದ ಹೊತ್ತು ನೋಡಿ, ಆ ಎದುರಾಳಿ ಕಬ್ಬಿಣದ ಕುರ್ಚಿಯೊಂದನ್ನು ತಂದು ಹುಡುಗನ ಬೆನ್ನಿಗೆ ಬಾರಿಸಿದ. ಹುಡುಗ ಕುಸಿದ. ಎದುರಾಳಿ ಅವನ ಮೇಲೆ ಬಿದ್ದು ಚಿತ್ ಮಾಡಿದ. ತೀರ್ಪುಗಾರ ಏನೂ ಅರಿಯದವನ ಹಾಗೆ ಅವನ ಕೈ ಎತ್ತಿಬಿಟ್ಟ. "ಅರೆ, ಮೋಸ! ಮೋಸ!" ಎಂದು ಓಣಿಯವರೆಲ್ಲ ಎದ್ದು ನಿಂತರು. ನನ್ನಮ್ಮ, "ಹಾಳಾಗ್ಹೋಗ್ಲಿ ಅವನ ಕೈ" ಎಂದು ಶಾಪ ಹಾಕಿದಳು. ಉಸ್ತಾದರು ಎದ್ದು ಹೋಗಿ ಗರಡಿಯ ಹನುಮಂತನ ಮುಂದೆ ಒಂದು ತಂಬಿಗೆ ನೀರು ಇಟ್ಟು ಬಂದರು.

ಶರಣಮ್ಮನ ಮುಖ ಬಿಳಿಚಿಕೊಂಡಿತು. ಆ ತಂಬಿಗೆಯ ಅರ್ಥ ಆಕೆಗೆ ಗೊತ್ತಿತ್ತು. ಮನೆಯ ಹುಡುಗ ಮೋಸದಿಂದ ಸೋತರೆ, ಅವನಿಗೆ ಮತ್ತೆ ಜೋಡಿ ಕಟ್ಟಿ ಕುಸ್ತಿ ಆಗುವವರೆಗೆ ಉಸ್ತಾದನಾದವನು ಅನ್ನ ಮುಟ್ಟುವಂತಿಲ್ಲ, ಬರೀ ನೀರು, ಮಜ್ಜಿಗೆ. ಹಿಂದಿನವರ ಕಾಲದಲ್ಲಿ ಎದುರಾಳಿ ಪಕ್ಕದ ಊರಿನವನಾಗಿರುತ್ತಿದ್ದ, ಹೇಳಿಕಳಿಸಿದರೆ ಬರುತ್ತಿದ್ದ. ಅಮೆರಿಕಕ್ಕೆ ಯಾರು ಹೇಳಿಕಳಿಸಬೇಕು?

"ಮಾವಾರೆ, ಅದು ಎಲ್ಲೋ ದೇಶದ ಹುಡುಗರಿ. ಯಾವಾಗ ಆಗಿದ್ದೋ ಏನೋ. ಉಣ್ರಿ" ಎಂದು ಆಕೆ ತಾಟು ಹಿಡಿದು ನಿಂತಳು.

"ನಮ್ಮ ಹುಡುಗ ಅಂತ ಬಾಯಿಬಿಟ್ಟು ಅಂದೀನವ್ವ. ಅಂದಮ್ಯಾಲೆ ಉಣ್ಣೋದು ಹೆಂಗ?"

ಮರುದಿನವೂ ಉಣ್ಣಲಿಲ್ಲ. ಮಹಬೂಬ ಆದೋನಿಯ ಕ್ಯಾಸೆಟ್ ಅಂಗಡಿಗಳನ್ನೆಲ್ಲ ಸುತ್ತಿ ಬಂದ. ಸಮುದ್ರದ ಹುಡುಗ ಗೆದ್ದ ಕ್ಯಾಸೆಟ್ಟು ಎಲ್ಲಿಯೂ ಇರಲಿಲ್ಲ, ಬರೀ ತೆಲುಗು ಸಿನಿಮಾ. ಅಂಗಳದಲ್ಲಿ ನಿಂತು ಅವನು ಪಂಪಾಪತಿಗೆ ಪಿಸುಗುಟ್ಟಿದ. "ನಿಜ ಹೇಳಿಬಿಡ್ತೀನಿ ಮಾರಾಯ. ಕುವೈತಿನಾಗ ಎಲ್ಲಾರಿಗೂ ಗೊತ್ತೈತಿ. ಅದು ಆಟ. ಯಾರು ಬೀಳಬೇಕು, ಯಾವಾಗ ಬೀಳಬೇಕು ಅಂತ ಮೊದಲ ಮಾತಾಡಿಕೊಂಡಿರ್ತಾರ."

ಪಂಪಾಪತಿ ಅವನ ಬಾಯಿಗೆ ಕೈ ಅಡ್ಡ ಹಿಡಿದ. "ನಿನ್ನ ಬಾಯಿಂದ ಅದೊಂದು ಮಾತು ಬ್ಯಾಡ. ಮಾತಾಡಿಕೊಂಡು ಬೀಳ್ತಾರ ಅಂತ ನೀ ಹೇಳಿದ್ರ, ಕಡುಬೂರಾಗ ನಾವೂ ಹಂಗ ಮಾಡಿದ್ವಿ ಅಂತ ಅಪ್ಪಗ ಗಟ್ಟಿ ಆಗಿಬಿಡ್ತೈತಿ. ಆಮ್ಯಾಲೆ ನಾ ಸತ್ರೂ ಮಾತಾಡ್ಸಂಗಿಲ್ಲ."

ಹೇಳಿದರೆ ಮಗ ಹೋದ, ಹೇಳದಿದ್ದರೆ ಅಪ್ಪ ಹೋದ. ಇಬ್ಬರು ಪೈಲ್ವಾನರೂ ನನ್ನ ಕಡೆ ನೋಡಿದರು, ಬಿ.ಎ. ಓದುತ್ತಿರುವವಳಿಗೆ ಏನಾದರೂ ಹೊಳೆದೀತು ಎಂಬಂತೆ. ನನಗೇನು ಹೊಳೆಯುತ್ತದೆ? ಅವತ್ತು ಮಧ್ಯಾಹ್ನ ಕಾಲೇಜಿನ ಭೂಪಟದಲ್ಲಿ ಸಮೋವಾ ಹುಡುಕಿದೆ. ನೀಲಿಯ ನಡುವೆ ಯಾರೋ ಪೆನ್ನು ಊರಿ ಎತ್ತಿದಷ್ಟು ಚುಕ್ಕೆ. ಮನೆಗೆ ಬಂದು ಹತ್ತಿಯೆಳೆ ತೇಲುವ ಅಂಗಳದಲ್ಲಿ ಗೋಡೆಗೊರಗಿ ಕೂತವಳಿಗೆ ಹಾಗೇ ಜೊಂಪು ಹತ್ತಿತು.

ಆ ನಿದ್ದೆಯಲ್ಲಿ ಕಂಡದ್ದನ್ನು ನಾನು ಈಗಲೂ ಕನಸು ಅನ್ನಲಾರೆ. ಕೌತಾಳದ ಬಸ್ಸು ನಮ್ಮ ಓಣಿಯ ತುದಿಗೆ ಬಂದು ನಿಂತಿತ್ತು. ಅದರಿಂದ ಸಮುದ್ರದ ಹುಡುಗ ಇಳಿದ. ಅವನ ಹಿಂದೆ ಅಣ್ಣ, ಚಿಕ್ಕಪ್ಪಂದಿರು, ಅಪ್ಪ, ಅಜ್ಜ; ಇಳಿದಷ್ಟೂ ಜನ. "ಜರುಗಂಡಿ, ಜರುಗಂಡಿ" ಎಂದು ಕಂಡಕ್ಟರು ತೆಲುಗಿನಲ್ಲಿ ಸರಿಯಲು ಹೇಳುತ್ತಿದ್ದಾನೆ, ಅವರ ಕೊರಳಿನ ಹಾರಗಳಿಂದ ಹೂವು ಬಸ್ಸಿನ ತುಂಬ ಉದುರಿದೆ. ನಾನು ಅದುವರೆಗೆ ಸಮುದ್ರ ನೋಡಿದವಳಲ್ಲ. ಆದರೆ ಅವರ ಬೆನ್ನಿಗೇ ಅದೂ ಬಂದಿತ್ತು. ಕೋಟೆಯ ಗುಡ್ಡದ ಬಂಡೆಗಳ ಸಂದಿಯಿಂದ ನೀಲಿ ನೀರು ಮೆಲ್ಲಗೆ ಇಳಿದು, ಹತ್ತಿ ಮಾರ್ಕೆಟ್ಟು ದಾಟಿ, ನಮ್ಮ ಬಾವಿಕಟ್ಟೆಯ ತನಕ ಬಂದು ನಿಂತಿತು. ಅವರೆಲ್ಲ ಆ ನೀರಲ್ಲೇ ಕಾಲು ತೊಳೆದುಕೊಂಡು ಪಡಸಾಲೆಗೆ ಹೋಗಿ ಸಾಲಾಗಿ ಕೂತರು. ಶರಣಮ್ಮ ರೊಟ್ಟಿ ಬಡಿಯುತ್ತಲೇ ಇದ್ದಳು, ಬಡಿಯುತ್ತಲೇ ಇದ್ದಳು. ಯಾರಿಗೂ ಯಾವ ಭಾಷೆಯ ಅಡಚಣೆಯೂ ಇರಲಿಲ್ಲ. ಅಂಥ ಸುಖದ ನಿದ್ದೆ ಮತ್ತೆಂದೂ ಬರಲಿಲ್ಲ ನನಗೆ.

ಎಚ್ಚರವಾದದ್ದು ಉಸ್ತಾದರ ದನಿಗೆ. "ಮಹಬೂಬ, ಇನ್ನೊಮ್ಮೆ ಹಾಕು ಅದನ್ನ."

ಎರಡು ದಿನದ ಉಪವಾಸದಲ್ಲಿ ಮುದುಕರ ಕಣ್ಣು ಒಳಕ್ಕೆ ಹೋಗಿದ್ದವು. ಈ ಸಲ ಓಣಿಯವರಿರಲಿಲ್ಲ. ಉಸ್ತಾದರು ಟಿ.ವಿ.ಗೆ ಮೂಗು ತಾಗುವಷ್ಟು ಹತ್ತಿರ ಕೂತರು. ಮಹಬೂಬ ಗುಂಡಿಗಳ ಹತ್ತಿರ, ಪಂಪಾಪತಿ ಎಂದಿನಂತೆ ದೂರದಲ್ಲಿ ಗೋಡೆಯ ಬುಡದಲ್ಲಿ, ಶರಣಮ್ಮ ಮತ್ತು ನಾನು ಬಾಗಿಲಲ್ಲಿ. "ಬಿ.ಎ. ಅಮ್ಮ, ಈ ಸಲ ನೀ ಏನೂ ಹೇಳಬ್ಯಾಡ. ಮೈ ಏನು ಹೇಳ್ತೈತಿ ನೋಡೋಣು" ಎಂದರು. ನನಗೆ ದೊಡ್ಡ ಭಾರ ಇಳಿದಂತಾಯಿತು.

ಹುಡುಗನನ್ನು ಎದುರಾಳಿ ಎತ್ತಿ ಕೆಡವುವ ಜಾಗ ಬಂತು. "ನಿಲ್ಲಸು." ಚಿತ್ರ ನಡುಗುತ್ತಾ ನಿಂತಿತು. ಉಸ್ತಾದರು ಬಹಳ ಹೊತ್ತು ನೋಡಿದರು. "ಮುಂದಕ ಬಿಡು." ಕುರ್ಚಿಯ ಏಟು ಬಂತು. "ನಿಲ್ಲಸು." ಮತ್ತೆ ನೋಡಿದರು. ಹುಡುಗ ಕೆಳಗೆ, ಎದುರಾಳಿ ಅವನ ಮೇಲೆ. "ನಿಲ್ಲಸು, ಅಲ್ಲೇ ಇಡು."

"ನೋಡಿಲ್ಲಿ" ಎಂದರು, ಯಾರಿಗೆಂದು ಹೇಳದೆ. "ಎತ್ತಿ ಒಗಿಯೋವಾಗ ಇವನ ಅಂಗೈ ಎಲ್ಲೈತಿ? ಆ ಹುಡುಗನ ಕುತ್ತಿಗಿ ಹಿಂದ. ತಲಿ ನೆಲಕ್ಕ ಬಡೀಬಾರದು ಅಂತ ಹಿಡಿದಾನ. ಕುರ್ಚಿ ಬಡಿದಿದ್ದು ಎಲ್ಲಿಗೆ? ಅಗಲ ಬೆನ್ನಿಗೆ. ಬೆನ್ನೆಲುಬಿಗಲ್ಲ, ತಲಿಗಲ್ಲ. ಈಗ ಮ್ಯಾಲೆ ಮಲಗ್ಯಾನಲ್ಲ, ಆ ಹುಡುಗನ ಮುಂಗೈ ಒತ್ತಿ ಏನೋ ಕೇಳ್ತಾನ. ನೋವಾತೇನೋ ಅಂತ ಕೇಳ್ತಾನ." ಅವರು ನಿಟ್ಟುಸಿರು ಬಿಟ್ಟರು. "ಇದು ಮಾತಾಡಿಕೊಂಡ ಕುಸ್ತಿ."

ಪಂಪಾಪತಿ ತಲೆ ತಗ್ಗಿಸಿದ. ಶರಣಮ್ಮ ನನ್ನ ಕೈಯನ್ನು ಎಷ್ಟು ಗಟ್ಟಿಯಾಗಿ ಹಿಡಿದಳೆಂದರೆ ಬಳೆ ಒತ್ತಿ ಗಾಯವಾಯಿತು. ಇನ್ನು ಮುಗಿಯಿತು ಎಂದುಕೊಂಡೆ ನಾನು.

"ಮಹಬೂಬ," ಉಸ್ತಾದರು ಟಿ.ವಿ.ಯಿಂದ ಕಣ್ಣು ತೆಗೆಯದೆ ಕೇಳಿದರು, "ಕಡುಬೂರಾಗ ಅವತ್ತು ನಿನ್ನ ರಟ್ಟಿ ಹೆಂಗಿತ್ತಪ್ಪ?"

ಮಹಬೂಬ ಗೆಳೆಯನ ಕಡೆ ನೋಡಿದ. ಆಮೇಲೆ ನೋಡುವುದನ್ನು ಬಿಟ್ಟ. "ಮುರಿಯೋದ್ರಾಗಿತ್ತು ಉಸ್ತಾದ್. ಲಟಕ್ ಅಂದಿತ್ತು. ನಾವು ಮಾತಾಡಿಕೊಂಡಿದ್ದಿಲ್ಲ, ಅಲ್ಲಾನ ಆಣೆ. ನಾ ಬಿಡು ಅಂತಾನೂ ಕೇಳ್ಲಿಲ್ಲ. ಇವನ ಬಿಟ್ಟ. ನಾ ಹುಚ್ಚ, ಬಿಟ್ಟಾನಂತ ತಿಳೀಲಿಲ್ಲ, ತಿರುಗಿ ಕೆಡವಿಬಿಟ್ಟೆ. ಅವತ್ತು ರಟ್ಟಿ ಹೋಗಿದ್ರ ನಾ ಬೇಲು ಹೊರ್ತಿದ್ದಿಲ್ಲ, ಲಾರಿ ಹೊಡೀತಿದ್ದಿಲ್ಲ, ನನ್ನ ಮಕ್ಕಳು ಉಣ್ತಿದ್ದಿಲ್ಲ."

"ಇಷ್ಟು ವರ್ಷ ಯಾಕ ಹೇಳ್ಲಿಲ್ಲ?"

"ನೀವ ಹೋಳಿಗಿ ಹಾಕಿ ಬಾಯಿ ಮುಚ್ಚಿಸಿದ್ರಲ್ಲ ಉಸ್ತಾದ್!"

ನಗಬಾರದ ಹೊತ್ತು, ಆದರೂ ನನಗೆ ನಗು ಬಂತು. ಉಸ್ತಾದರು ನಗಲಿಲ್ಲ. ಅಡುಗೆಮನೆಯ ಕಡೆ ತಿರುಗಿ ರೂಢಿಯಂತೆ, "ಶರಣಮ್ಮಾ, ಅವಗ ಹೇಳವ್ವ..." ಎಂದು ಶುರು ಮಾಡಿದರು.

"ಹೇಳ್ರಿ ಮಾವಾರೆ" ಎಂದಳು ಆಕೆ, ಬಾಗಿಲಿನಿಂದ.

ಅವರು ಮುಂದೆ ಹೇಳಲಿಲ್ಲ. ಆ ವಯಸ್ಸಾದ ದಪ್ಪ ಕುತ್ತಿಗೆ ಒಂದೇ ತಿರುಗದು, ಇಡೀ ಮೈಯನ್ನೇ ತಿರುಗಿಸಬೇಕು. ನೆಲಕ್ಕೆ ಕೈಯೂರಿ ನಿಧಾನವಾಗಿ ತಿರುಗಿ ಗೋಡೆಯ ಬುಡಕ್ಕೆ ಮುಖ ಮಾಡಿದರು.

"ಪಂಪಾ."

ಪಂಪಾಪತಿ ಕದಲಲಿಲ್ಲ. ಆ ಹೆಸರಿನ ಬೇರೆ ಯಾರೋ ಅಲ್ಲಿರಬೇಕು ಎಂಬಂತೆ ಅತ್ತಿತ್ತ ನೋಡಿದ.

"ನಿನಗ ಕರೀತಿರೋದು. ಆ ಪಟ್ಟು ನೀ ಬಿಟ್ಟಿದ್ದು ಬರೊಬ್ಬರಿ ಐತಿ. ನಾ ಆಗಿದ್ರ ಬಿಡ್ತಿದ್ನೋ ಇಲ್ಲೋ, ಗೊತ್ತಿಲ್ಲ. ಆದ್ರ ಬಿಡಬೇಕಾಗಿತ್ತು." ಮುದುಕರು ಗೋಡೆ ಹಿಡಿದು ಎದ್ದರು. "ಆದ್ರ ಬಿಟ್ಟಮ್ಯಾಲೆ ಬೆನ್ನು ಯಾಕ ಕೊಟ್ಟಿ ಅಂತೀನಿ? ಕೈ ಬಿಟ್ಟವ ಹಂಗ ಒಳಗ ನುಗ್ಗಿ ಸೊಂಟ ಹಿಡೀಬೇಕು. ಅಷ್ಟೂ ಕಲಿಸಿಲ್ಲೇನು ನಾ? ಏಳು. ಮಣ್ಣಿಗೆ ನಡಿ, ತೋರಸ್ತೀನಿ."

"ಮಾವಾರೆ, ಮೊದಲು ಒಂದು ತುತ್ತು ಉಣ್ರಿ, ನಿಮ್ಮ ಕಾಲಿಗೆ ಬೀಳ್ತೀನಿ!" ಎಂದು ಶರಣಮ್ಮ ಕೂಗಿದಳು.

"ಅಲ್ಲಿ ಮೋಸ ಆಗಿಲ್ಲಂದಮ್ಯಾಲೆ ಉಪಾಸ ಯಾಕವ್ವ? ಇಬ್ಬರಿಗೂ ಕೂಡಿ ಬಡಸು, ಬರ್ತೀವಿ" ಎಂದು ಉಸ್ತಾದರು ಮಣ್ಣಿಗೆ ಇಳಿದೇಬಿಟ್ಟರು.

ಬಾಗಿಲಿನಾಚೆ ನಮಗೆ ಪ್ರವೇಶವಿರಲಿಲ್ಲ, ಹೊಸ್ತಿಲಲ್ಲೇ ನಿಂತು ನೋಡಿದೆವು. ಅರಿಶಿನ, ಎಣ್ಣೆ, ನಿಂಬೆಹಣ್ಣಿನ ವಾಸನೆಯ ಆ ಕೆಂಪು ಮಣ್ಣಿನಲ್ಲಿ ಮುದುಕರು ಕಾಲು ಅಗಲಿಸಿ ನಿಂತಿದ್ದರು. ಬೆಳಕಿಂಡಿಯ ಬಿಸಿಲಿನಲ್ಲಿ ತೇಲುತ್ತಿದ್ದ ಹತ್ತಿಯೆಳೆಗಳು ಅವರ ಪೇಟದ ಮೇಲೆ ಕೂರುತ್ತಿದ್ದವು. ಪಂಪಾಪತಿ ಎದುರಿಗೆ ಬಂದು ಬಗ್ಗಿ ಮಣ್ಣು ಮುಟ್ಟಿ ಹಣೆಗೆ ಹಚ್ಚಿಕೊಂಡ. ಏಳುವಾಗ ಅವನ ಮುಖವೆಲ್ಲ ತೊಯ್ದಿತ್ತು. ಉಸ್ತಾದರು ಒಂದು ಹೆಜ್ಜೆ ಮುಂದೆ ಬಂದು ಮಗನ ಹೆಗಲ ಮೇಲೆ ಎರಡೂ ಕೈ ಇಟ್ಟರು.

"ಆಮ್ಯಾಲೆ ಅಳುವಂತಿ ಪಂಪಾ," ಎಂದರು, "ಮೊದಲು ಸೊಂಟ ಹಿಡಿ."